ಏಳನೇ ಗುಡ್ಡದ ಹಲ್ಲಿ

ಎಲ್ಲರಿಗೂ ನಮಸ್ಕಾರ. ಮುಂದಿನ ಸಾಲಿನಲ್ಲಿ ಕೂತಿರುವ ಅತ್ತಿಗೆಗೆ, ನಮ್ಮನ್ನು ಅಗಲಿದ ಅಣ್ಣನ ಮಗಳಿಗೆ, ನಮ್ಮ ನಿರ್ದೇಶಕರಿಗೆ, ಕೆಲಸ ಬಿಟ್ಟು ದೂರದಿಂದ ಬಂದಿರುವ ಅಣ್ಣನ ಶಿಷ್ಯರಿಗೆ — ನಮಸ್ಕಾರ. ಒಂದು ನಿಮಿಷ, ಈ ಮೈಕನ್ನು ಸ್ವಲ್ಪ ಕೆಳಗೆ ಮಾಡಿಕೊಳ್ಳುತ್ತೇನೆ. ಹ್ಞಾಂ. ಹಿಂದೆ ಕೂತವರಿಗೆ ಕೇಳುತ್ತಿದೆಯಾ? ಕೇಳಬೇಕು. ಇವತ್ತು ಎಲ್ಲರಿಗೂ ಕೇಳಬೇಕು.

ನಾನು ಯಾರು ಅಂತ ಹೊಸಬರಿಗೆ ಗೊತ್ತಿರಲಿಕ್ಕಿಲ್ಲ. ಈ ವಸ್ತುಸಂಗ್ರಹಾಲಯದ ಹಿಂದಿನ ಕೋಣೆಯಲ್ಲಿ, ಸ್ಪಿರಿಟ್ ತುಂಬಿದ ಬಾಟಲಿಗಳ ನಡುವೆ, ಮೂವತ್ತೊಂದು ವರ್ಷದಿಂದ ಚೀಟಿ ಬರೆಯುತ್ತಿರುವವನು. ಅಣ್ಣ — ಸಂಬಂಧದಿಂದಲ್ಲ, ಅಭ್ಯಾಸದಿಂದ ಹಾಗೆ ಕರೆಯುತ್ತಿದ್ದೆ — ಇಲ್ಲಿನ ಹಲ್ಲಿ ವಿಜ್ಞಾನಿ, ಕಾಡು ಗುಡ್ಡ ಸುತ್ತಿ ಹಲ್ಲಿ ತರುತ್ತಿದ್ದರು. ಯಾವುದು, ಎಲ್ಲಿ ಸಿಕ್ಕಿತು, ಯಾವತ್ತು ಸಿಕ್ಕಿತು ಎಂಬುದನ್ನು ಅವರ ನೋಟ್‌ಬುಕ್ಕಿನಿಂದ ನೋಡಿ, ಪೆನ್ಸಿಲ್ಲಿನಲ್ಲಿ ಸಣ್ಣಗೆ ಬರೆದು, ಹಲ್ಲಿಯ ಹಿಂಗಾಲಿಗೆ ದಾರದಿಂದ ಕಟ್ಟುವುದು ನನ್ನ ಕೆಲಸ. ಶಾಯಿಯಾದರೆ ಸ್ಪಿರಿಟ್ಟಿನಲ್ಲಿ ಕರಗಿಹೋಗುತ್ತದೆ, ಪೆನ್ಸಿಲ್ ಬರಹ ನೂರು ವರ್ಷ ಉಳಿಯುತ್ತದೆ. ಸರಿ ಬರೆದರೂ ನೂರು ವರ್ಷ, ತಪ್ಪು ಬರೆದರೂ ನೂರು ವರ್ಷ. ಅವರು ನನ್ನನ್ನು ಹೆಸರು ಹಿಡಿದು ಕರೆದದ್ದೇ ಇಲ್ಲ. "ಏ ಚೀಟಿ, ಬಾರೋ ಇಲ್ಲಿ" — ಅಷ್ಟೇ.

ನಾವೂ ಬಿಟ್ಟಿರಲಿಲ್ಲ, ಬೆನ್ನ ಹಿಂದೆ ಅವರನ್ನು 'ಉಡ' ಅನ್ನುತ್ತಿದ್ದೆವು. ಅತ್ತಿಗೆ ನಗುತ್ತಿದ್ದಾರೆ, ಅವರಿಗೂ ಗೊತ್ತು. ಉಡದ ಪಟ್ಟು ಅಂತೀವಲ್ಲ, ಹಾಗೆ. ಹಿಡಿದರೆ ಬಿಡುವ ಆಸಾಮಿಯಲ್ಲ.

ಜೇಬಿನಲ್ಲಿ ಎರಡು ಪುಟದ ಭಾಷಣವಿದೆ. 'ಅಗಲಿದ ಹಿರಿಯ ಚೇತನ', 'ತುಂಬಲಾರದ ನಷ್ಟ' — ಎಲ್ಲ ಇದೆ. ಅದನ್ನು ಓದುವುದಿಲ್ಲ. ಯಾಕೆ ಅಂತ ಹೇಳುತ್ತೇನೆ, ಸ್ವಲ್ಪ ತಾಳ್ಮೆ ಇರಲಿ.

ಅವರ ಮುಂದೆ ಯಾರಾದರೂ "ಹಲ್ಲಿ ಅಂದ್ರೆ ಹಲ್ಲಿ ತಾನೇ ಸಾರ್" ಅಂದರೆ ಮುಗಿಯಿತು, ಊಟದ ಹೊತ್ತು ಮೀರಿದರೂ ಬಿಡುತ್ತಿರಲಿಲ್ಲ. "ಅಯ್ಯೋ ಮಹರಾಯಾ, ನಿಮ್ಮ ಗೋಡೆ ಮೇಲಿರೋದು ಬೇರೆ, ಮರದ ತೊಗಟೆ ಮೇಲಿರೋದು ಬೇರೆ. ಬಂಡೆಯ ಬಿಸಿಲು ಮುಖದಲ್ಲಿ ಒಂದು ಜಾತಿ, ಅದೇ ಬಂಡೆಯ ನೆರಳು ಬಿರುಕಲ್ಲಿ ಇನ್ನೊಂದು ಜಾತಿ. ತರಗೆಲೆ ಅಡಿ ಜಾರ್ಕೊಂಡು ಹೋಗೋ ಹಾವುರಾಣಿ ಬೇರೆ. ಮರದಿಂದ ಮರಕ್ಕೆ ತೇಲೋ ಓತಿ ಬೇರೆ. ಕಾದ ಮರಳಲ್ಲಿ ಕಾಲು ಸುಡುತ್ತೆ ಅಂತ ಒಂದೊಂದೇ ಕಾಲು ಎತ್ತಿ ನಿಲ್ಲೋದಿದೆ. ಕಾಲೇ ಇಲ್ಲದ್ದೂ ಇದೆ — ಪಾಪ, ಹಾವು ಅಂತ ಜನ ಅದನ್ನ ಹೊಡೆದುಹಾಕ್ತಾರೆ!" ಹೀಗೆ ಹೇಳುತ್ತಾ ಕೈಯನ್ನು ಮೇಜಿನ ಮೇಲೆ ಓಡಿಸುತ್ತಿದ್ದರು, ಒಂದೊಂದು ಜಾತಿಗೆ ಒಂದೊಂದು ನಡಿಗೆ. ನಮ್ಮ ಚಹಾ ಲೋಟಗಳನ್ನು ನಾವೇ ಎತ್ತಿಕೊಳ್ಳಬೇಕಿತ್ತು.

ಕೊನೆಗೆ ಒಂದೇ ಮಾತು. "ಹಲ್ಲೀನ ಹೆಸರು ಕೇಳಬೇಡಿ, ವಿಳಾಸ ಕೇಳಿ. ಎರಡು ಗುಡ್ಡದ ನಡುವೆ ಒಂದು ಮೈಲಿ ಬಯಲಿದ್ರೆ ಸಾಕು, ಬೆರಳುದ್ದದ ಪ್ರಾಣಿಗೆ ಅದು ಸಮುದ್ರ. ಈ ಗುಡ್ಡದ್ದು ಆ ಗುಡ್ಡ ನೋಡೋದಿಲ್ಲ. ಇಲ್ಲೇ ಹುಟ್ಟುತ್ತೆ, ಇಲ್ಲೇ ಸಾಯುತ್ತೆ. ವಿಳಾಸ ತಪ್ಪಿದ್ರೆ ಆ ಜಾತೀನೇ ಇಲ್ಲದ ಹಾಗೆ."

ವಿಳಾಸ ಬರೆಯುತ್ತಿದ್ದವನು ನಾನು.

ಹತ್ತೊಂಬತ್ತು ವರ್ಷದ ಹಿಂದೆ ಅವರು ಒಂಬತ್ತು ಬಂಡೆಗುಡ್ಡಗಳನ್ನು ನಲವತ್ತು ದಿನ ಸುತ್ತಿದರು. ಗುಡ್ಡಗಳಿಗೆ ಒಂದರಿಂದ ಒಂಬತ್ತು ನಂಬರ್ ಕೊಟ್ಟಿದ್ದರು. ಕೊನೆಯ ಹತ್ತು ದಿನ ಮೈ ಸುಡುವ ಜ್ವರ, ಆದರೂ ಉಡ ಬಿಡಲಿಲ್ಲ. ಮುನ್ನೂರು ಹಲ್ಲಿಗಳ ಜೊತೆ ವಾಪಸ್ ಬಂದು, ನೋಟ್‌ಬುಕ್ಕನ್ನು ನನ್ನ ಮೇಜಿನ ಮೇಲೆ ಹಾಕಿ, ಮೂರು ವಾರ ಮಲಗಿದರು. ಎರಡು ವರ್ಷ ಕಳೆದ ಮೇಲೆ, ಸೂಕ್ಷ್ಮದರ್ಶಕದ ಕೆಳಗೆ ಹುರುಪೆ ಎಣಿಸುತ್ತಾ ಕೂತಿದ್ದವರು ಕುರ್ಚಿ ಬೀಳಿಸಿಕೊಂಡು ಎದ್ದರು. "ಚೀಟೀ! ಈ ಎರಡು ಬೇರೆ ಕಣೋ! ಜಗತ್ತಲ್ಲಿ ಯಾರೂ ನೋಡಿಲ್ಲ ಕಣೋ ಇದನ್ನ!" ಕಂದು ಬಣ್ಣದ ಎರಡು ಬಂಡೆಹಲ್ಲಿ, ನನ್ನ ಕಿರುಬೆರಳಿಗಿಂತ ಚಿಕ್ಕವು. ಹಿಡಿದಾಗ ಬೇರೆಯವುಗಳ ಹಾಗೇ ಕಂಡಿದ್ದವು, ಜ್ವರ ಬೇರೆ. ಎಲ್ಲಿ ಹಿಡಿದದ್ದು ಅಂತ ಅವರಿಗೆ ನೆನಪಿರಲಿಲ್ಲ. ಚೀಟಿ ನೋಡಿದರು. ಚೀಟಿಯಲ್ಲಿ 'ಐದನೇ ಗುಡ್ಡ' ಎಂದಿತ್ತು.

"ಏಳನೇದು ಅನ್ನಿಸ್ತಿದೆಯಲ್ಲೋ. ನೋಟ್‌ಬುಕ್ ಒಂದ್ಸಲ ನೋಡ್ತೀಯಾ?" ಅಂದರು.

ನಾನು — ಇಲ್ಲಿದೆ ನೋಡಿ ನನ್ನ ತಪ್ಪು — ಕೂತ ಜಾಗದಿಂದ ಏಳದೆ, "ನೋಡಿದೀನಿ ಅಣ್ಣ, ಸರಿಯಾಗಿದೆ" ಅಂದೆ.

"ಹಂಗಾದ್ರೆ ಸರಿ ಬಿಡು. ನನ್ನ ನೆನಪು ತಪ್ಪಬಹುದು, ನಿನ್ನ ಚೀಟಿ ತಪ್ಪಲ್ಲ."

ಪ್ರಬಂಧ ಅಚ್ಚಾಯಿತು. ಹೊಸ ಜಾತಿ, ವಾಸಸ್ಥಾನ ಐದನೇ ಗುಡ್ಡ ಮಾತ್ರ. ಓತಿಕ್ಯಾತಕ್ಕೆ ಬೇಲಿ ಸಾಕ್ಷಿ ಅಂತಾರಲ್ಲ, ಅವರ ಮಾತಿಗೆ ನನ್ನ ಚೀಟಿಯೊಂದೇ ಸಾಕ್ಷಿ. ಆ ಹಲ್ಲಿಯ ಹೆಸರಿನಲ್ಲಿ ಐದನೇ ಗುಡ್ಡದಲ್ಲಿ ಕಲ್ಲು ಒಡೆಯಬಾರದು ಅಂತ ಆದೇಶ ತಂದರು. ಆಮೇಲೆ ಜೀವಂತ ಹಲ್ಲಿ ನೋಡಬೇಕು ಅಂತ ಪ್ರತಿ ವರ್ಷ ಐದನೇ ಗುಡ್ಡ ಹತ್ತಿದರು. ಹದಿನೇಳು ವರ್ಷ. ಒಂದೂ ಸಿಗಲಿಲ್ಲ. ಇಲ್ಲಿ ಕ್ಯಾಂಟೀನಿನಲ್ಲಿ ಏನು ಮಾತು! "ಬೆಟ್ಟ ಅಗೆದು ಇಲಿ ಹಿಡಿಯೋರಿದ್ದಾರೆ ಸಾರ್, ನೀವು ಬೆಟ್ಟ ಹತ್ತಿ ಹಲ್ಲೀನೂ ಹಿಡಿಯಲಿಲ್ಲವಲ್ಲ!" ಅವರೂ ನಗುತ್ತಿದ್ದರು. ಆಮೇಲೆ ಹೊರಗಿನವರು ಬರೆದರು — ಅಂಥ ಹಲ್ಲಿಯೇ ಇಲ್ಲ, ಎಲ್ಲಿಂದಲೋ ತಂದು ಹೆಸರು ಮಾಡಿಕೊಂಡಿದ್ದಾರೆ ಅಂತ. ಆಗ ನಗುವುದು ನಿಲ್ಲಿಸಿದರು.

ಆರು ವರ್ಷದ ಹಿಂದೆ ಗೆದ್ದಲು ಔಷಧಿ ಹೊಡೆಯುವವರು ಬಂದರು, ಬೀರು ಖಾಲಿ ಮಾಡಬೇಕಾಯಿತು. ಆ ನೋಟ್‌ಬುಕ್ ಕೈಗೆ ಬಂತು. ಸುಮ್ಮನೆ ತೆರೆದೆ. ಎರಡು ಹಾಳೆ ಅಂಟಿಕೊಂಡಿದ್ದವು. ಮೇಲೆ ಲೋಟದ ತಳದ ಗುರುತು — ದುಂಡಗೆ, ಕಂದು ಬಣ್ಣದಲ್ಲಿ. ಚಹಾಕ್ಕೆ ಸಕ್ಕರೆ ಜಾಸ್ತಿ ಹಾಕಿಕೊಳ್ಳುವ ಚಟ ಈ ಕಚೇರಿಯಲ್ಲಿ ನನಗೊಬ್ಬನಿಗೇ.

ಉಗುರಿನಿಂದ ಬಿಡಿಸಿದೆ. ಅವರು ಗುಡ್ಡದ ನಂಬರನ್ನು ಒಮ್ಮೆ ಬರೆದರೆ ಕೆಳಗಿನ ಸಾಲುಗಳಿಗೆಲ್ಲ 'ಮೇಲಿನಂತೆ' ಎಂದು ಬರೆಯುತ್ತಿದ್ದರು. ಆ ಎರಡು ಹಲ್ಲಿಯ ಮುಂದೆಯೂ 'ಮೇಲಿನಂತೆ' ಎಂದಿತ್ತು, ಹೊಸ ಪುಟದ ಮೊದಲ ಸಾಲಿನಲ್ಲಿ. ಮೇಲೆ ಏನಿದೆ ಅಂತ ನಾನು ಹಿಂದಿನ ಪುಟ ನೋಡಿ ಐದನೇ ಗುಡ್ಡ ಎಂದು ಬರೆದಿದ್ದೆ. ಅಂಟಿದ ಹಾಳೆಗಳಲ್ಲಿದ್ದ ಹಲ್ಲಿಗಳಿಗೆ ಹಿಂದಿನ ದಿನವೇ ಚೀಟಿ ಕಟ್ಟಿ ಮುಗಿದಿದ್ದರಿಂದ ಹಾಳೆ ಅಂಟಿದ್ದು ಗೊತ್ತಾಗಿರಲಿಲ್ಲ. ನಿಜವಾದ ಹಿಂದಿನ ಪುಟ ಅವುಗಳ ಒಳಗಿತ್ತು. ಅದರ ಕೊನೆಯ ಸಾಲು — ಏಳನೇ ಗುಡ್ಡ.

ಮಗೂ, ಕೂತ್ಕೋ. ಪೂರ್ತಿ ಹೇಳುತ್ತೇನೆ. ಆಮೇಲೆ ಏನು ಬೇಕಾದರೂ ಅನ್ನು.

ಆವತ್ತೇ ಹೇಳಬಹುದಿತ್ತು. ಅವರು ಪಕ್ಕದ ಕೋಣೆಯಲ್ಲೇ ಇದ್ದರು, ಕೆಮ್ಮುವುದು ಕೇಳುತ್ತಿತ್ತು. ಎದ್ದೆ, ಬಾಗಿಲವರೆಗೆ ಹೋದೆ. ಒಂದು ಚೀಟಿ ತಪ್ಪು ಅಂದರೆ ನಾನು ಬರೆದ ಇಪ್ಪತ್ತು ಸಾವಿರ ಚೀಟಿಗಳ ಮೇಲೂ ಅನುಮಾನ. ನನ್ನ ಜನ್ಮದಲ್ಲಿ ನಾನು ಮಾಡಿದ್ದು ಅದೊಂದೇ ಕೆಲಸ. ನಾಳೆ ಹೇಳೋಣ ಅಂದುಕೊಂಡೆ. ಬಿಸಿ ತುಪ್ಪದ ಹಾಗೆ — ನುಂಗಲೂ ಆಗಲಿಲ್ಲ, ಉಗುಳಲೂ ಆಗಲಿಲ್ಲ.

ಹಲ್ಲಿಗೆ ಕಣ್ಣುರೆಪ್ಪೆ ಇಲ್ಲ, ಗೊತ್ತಲ್ಲ? ಸತ್ತರೂ ಕಣ್ಣು ಮುಚ್ಚುವುದಿಲ್ಲ. ಸ್ಪಿರಿಟ್ಟಿನಲ್ಲಿ ಆ ಎರಡರ ಕಣ್ಣು ಬೆಳ್ಳಗಾಗಿದೆ. ಆರು ವರ್ಷದಿಂದ ಆ ಬಾಟಲಿಯನ್ನು ಗೋಡೆಗೆ ಮುಖ ಮಾಡಿ ಇಡುತ್ತೇನೆ. ಬೆಳಿಗ್ಗೆ ಬೀಗ ತೆಗೆದಾಗ ಅದು ನನ್ನ ಕಡೆಗೇ ತಿರುಗಿರುತ್ತದೆ. ಕಸ ಹೊಡೆಯುವವರು ಸರಿ ಮಾಡಿ ಇಡುತ್ತಾರೆ ಅಷ್ಟೇ, ಗೊತ್ತು. ಆದರೂ ಮತ್ತೆ ಗೋಡೆಗೆ ತಿರುಗಿಸಿ ಇಡುತ್ತೇನೆ.

ಇದಕ್ಕಿಂತ ದೊಡ್ಡದು ಇನ್ನೊಂದಿದೆ. ನಾಲ್ಕು ವರ್ಷದ ಹಿಂದೆ, ಏಳನೇ ಗುಡ್ಡವನ್ನು ಕಲ್ಲು ಕ್ವಾರಿಗೆ ಕೊಡಬಹುದೇ ಅಂತ ಗಣಿ ಇಲಾಖೆಯವರು ಅಣ್ಣನ ಅಭಿಪ್ರಾಯ ಕೇಳಿದರು. ಕಾಲು ಮುರಿದು ಮನೆಯಲ್ಲಿದ್ದರು. ಅತ್ತಿಗೆ, ನಿಮಗೆ ನೆನಪಿದೆ, ನೀವು ಬಾಗಿಲು ತೆಗೆದಿರಿ. ಅವರು ಮಂಚದ ಮೇಲಿಂದ, "ಚೀಟಿ, ರಿಜಿಸ್ಟರ್ ನೋಡಿ ಹೇಳು, ಏಳನೇದರಲ್ಲಿ ಏನೇನಿದೆ?" ಅಂದರು. ನಾನು ಓದಿದೆ. ಹನ್ನೊಂದು ಜಾತಿ, ಎಲ್ಲ ಎಲ್ಲೆಡೆ ಸಿಗುವಂಥವು.

"ಅಷ್ಟೇನಾ?"

ಎರಡು ಸಲ ಕೇಳಿದರು. "ಅಷ್ಟೇನಾ ಚೀಟಿ?"

"ಅಷ್ಟೇ ಅಣ್ಣ" ಅಂದೆ.

ಅವರು ಸಹಿ ಹಾಕಿದರು. 'ವಿಶೇಷವಾದದ್ದು ಏನೂ ಇಲ್ಲ.' ಟೈಪ್ ಮಾಡಿದ್ದೂ ನಾನೇ.

ಹೋದ ತಿಂಗಳು ಅವರು ಮತ್ತೆ ಐದನೇ ಗುಡ್ಡ ಹತ್ತಿದರು, ಒಬ್ಬರೇ. ಮಾರನೇ ದಿನ ಬೆಳಿಗ್ಗೆ ಸಿಕ್ಕಾಗ ಬಂಡೆಗೆ ಒರಗಿ ಕೂತಿದ್ದರಂತೆ. ಹೃದಯ ನಿಂತಿತ್ತು. ಕೈಯಲ್ಲಿದ್ದ ಟಾರ್ಚ್ ಒಂದು ಬಿರುಕಿನ ಕಡೆಗೆ ಮುಖ ಮಾಡಿತ್ತು. ಆ ಬಿರುಕಿನಲ್ಲಿ ಏನೂ ಇರಲಿಲ್ಲ. ಇರಲು ಸಾಧ್ಯವೂ ಇರಲಿಲ್ಲ. ಅದು ನನಗೊಬ್ಬನಿಗೆ ಗೊತ್ತಿತ್ತು.

ಮನೆಗೆ ಹೋದಾಗ ಮಗಳು ನನ್ನನ್ನು ಪಕ್ಕಕ್ಕೆ ಕರೆದು, "ಚಿಕ್ಕಪ್ಪ, ನಿಜ ಹೇಳಿ, ಅಪ್ಪ ಸುಳ್ಳು ಹೇಳಿದ್ರಾ?" ಅಂತ ಕೇಳಿದಳು. ಮಗೂ, ಆಗ ನಾನು ಏನೋ ನೆಪ ಹೇಳಿ ಹೊರಟುಬಿಟ್ಟೆ. ಈಗ ಎಲ್ಲರ ಮುಂದೆ ಹೇಳುತ್ತೇನೆ — ನಿಮ್ಮಪ್ಪ ಸುಳ್ಳು ಹೇಳಲಿಲ್ಲ. ಅವರ ನೆನಪೂ ತಪ್ಪಾಗಿರಲಿಲ್ಲ. ಅವರು ಮಾಡಿದ ತಪ್ಪು ಒಂದೇ, ನನ್ನನ್ನು ನಂಬಿದ್ದು.

ಮೊನ್ನೆ ನಾನು ಏಳನೇ ಗುಡ್ಡಕ್ಕೆ ಹೋದೆ. ಮೂವತ್ತೊಂದು ವರ್ಷ ಗುಡ್ಡಗಳ ಬಗ್ಗೆ ಬರೆದವನು ಗುಡ್ಡ ಹತ್ತಿದ್ದು ಅದೇ ಮೊದಲು. ಅರ್ಧ ಗುಡ್ಡ ಇಲ್ಲ. ಯಂತ್ರಗಳು ಊಟಕ್ಕೆ ನಿಂತಿದ್ದವು. ಉಳಿದ ಅರ್ಧದಲ್ಲಿ, ನೆರಳಿದ್ದ ಒಂದು ಬಿರುಕಿನ ಹತ್ತಿರ ಮಂಡಿಯೂರಿದೆ. ಒಳಗೆ ಏನೋ ಸರಿಯಿತು. ಕಂದು, ಚಿಕ್ಕದು. ನನ್ನನ್ನು ನೋಡಿತು. ಅದೇನಾ? ಗೊತ್ತಿಲ್ಲ. ನನಗೆ ಬಾಟಲಿಯೊಳಗಿನ ಹಲ್ಲಿ ಗೊತ್ತು, ಉಸಿರಾಡುವ ಹಲ್ಲಿ ಗೊತ್ತಿಲ್ಲ. ಅದೇ ಹೌದು ಅಂತ ನೋಡಿದ ಕೂಡಲೇ ಹೇಳಬಲ್ಲ ಮನುಷ್ಯ ಒಬ್ಬರೇ ಇದ್ದರು. ಅವರನ್ನು ನಾನು ಹದಿನೇಳು ವರ್ಷ ತಪ್ಪು ಗುಡ್ಡದಲ್ಲಿ ನಿಲ್ಲಿಸಿದ್ದೆ.

ನೋಟ್‌ಬುಕ್, ಆ ಎರಡು ಹಾಳೆ, ನನ್ನ ಹೇಳಿಕೆ — ಎಲ್ಲವನ್ನೂ ಇವತ್ತು ಬೆಳಿಗ್ಗೆ ನಿರ್ದೇಶಕರ ಕೈಗೆ ಕೊಟ್ಟಿದ್ದೇನೆ. ಕ್ವಾರಿ ನಿಲ್ಲಿಸಿ ಅಂತ ಅರ್ಜಿಯನ್ನೂ ಕೊಟ್ಟಿದ್ದೇನೆ. ಅಣ್ಣನ ಶಿಷ್ಯರೇ, ದಯವಿಟ್ಟು ನಾಳೆಯೇ ಏಳನೇ ಗುಡ್ಡಕ್ಕೆ ಹೊರಡಿ. ಉಳಿದಿರುವುದು ಅರ್ಧ ಗುಡ್ಡ. ದಿನಾ ಕರಗುತ್ತಿದೆ.

ಅತ್ತಿಗೆ, ಕ್ಷಮಿಸಿ ಅಂತ ಕೇಳುವುದಿಲ್ಲ. ಆ ಮಾತು ಕೇಳಬೇಕಾದವರು ಈಗಿಲ್ಲ.

ಕಾರ್ಯಕ್ರಮ ಪಟ್ಟಿಯಲ್ಲಿ ಮೌನಾಚರಣೆಗೆ ಕರೆ ಕೊಡುವ ಕೆಲಸವನ್ನೂ ನನಗೇ ಹಾಕಿದ್ದಾರೆ. ದಯವಿಟ್ಟು ಎಲ್ಲರೂ ಎದ್ದು ನಿಲ್ಲಿ. ತಲೆ ಬಾಗಿಸಿ, ಎರಡು ನಿಮಿಷ, ಅವರಿಗಾಗಿ ಮೌನವಾಗಿರಿ. ನನ್ನನ್ನು ಬಿಟ್ಟುಬಿಡಿ, ನಾನು ಹೊರಗೆ ಹೋಗುತ್ತೇನೆ. ನನ್ನ ಪಾಲಿನ ಮೌನವನ್ನು ಅವರು ಬದುಕಿದ್ದಾಗಲೇ ಆಚರಿಸಿಬಿಟ್ಟಿದ್ದೇನೆ.