ಪಕ್ಕದ ಮನೆಯ ಕೆನ್‌ನ ಫ್ಲಾಸ್ಕ್

ಕ್ಷಮಿಸಿ ಮಾವ, ಅಲ್ಲಿ ಇಂಗ್ಲಿಷಿನಲ್ಲಿ ಹೇಳಿದ್ದನ್ನ ನನಗೆ ಸರಿಯಾಗಿ ಹೇಳೋಕೆ ಬರಲ್ಲ. ದೀಕ್ಷಿತಾ ಆಗಿದ್ದರೆ ತುಳುವಿನಲ್ಲೇ ಚೆನ್ನಾಗಿ ಹೇಳ್ತಿದ್ದಳು... ನಿಮ್ಮ ಮಗಳಿಗೆ ಮೀಟಿಂಗ್, ಕೆನ್ ಫ್ಯೂನರಲ್‌ಗೆ ಬರೋಕಾಗಲಿಲ್ಲ. ಈಗಲೂ ಮೇಲೆ ಲ್ಯಾಪ್‌ಟಾಪ್ ಮುಂದೆ ಕೂತಿದ್ದಾಳೆ. ಹಾಗಾಗಿ ತುಮಕೂರಿನ ಅಳಿಯನ ಕನ್ನಡದಲ್ಲೇ ಕೇಳಬೇಕು ನೀವು. ಕಷಾಯ ಕುಡೀತಾ ಕೇಳಿ, ಆರಿಹೋಗುತ್ತೆ.

ಎಲ್ಲಿದ್ದೆ? ಹಾಂ, ಕೆನ್ ಮಗಳು ಯಾಕೆ ಅತ್ತಳು ಅಂತ ಕೇಳಿದಿರಿ. ಅಲ್ಲ, ಅಪ್ಪ ಸತ್ತರೆ ಯಾರಾದರೂ ಅಳ್ತಾರೆ, ಅದು ನಿಮಗೂ ಗೊತ್ತು... ಆ ಹಳೇ ಫ್ಲಾಸ್ಕ್ ಎತ್ತಿ ಎಲ್ಲರಿಗೂ ತೋರಿಸಿದಾಗ ಯಾಕೆ ಅತ್ತಳು, ಆಮೇಲೆ ಅದನ್ನ ತಂದು ನಿಮ್ಮ ಕೈಗೇ ಯಾಕೆ ಕೊಟ್ಟಳು ಅಂತ. ಅದಕ್ಕೆ ಮೊದಲಿಂದ ಹೇಳಬೇಕು.

ಕೆನ್ ಇಲ್ಲಿ ಸ್ಕೋಫೀಲ್ಡ್ಸ್‌ಗೆ, ಮಗಳ ಮನೆಗೆ ಬಂದಿದ್ದು ಮುದುಕನಾದ ಮೇಲೆ. ಬೆಳೆದಿದ್ದು ಮೆಲ್ಬರ್ನ್‌ನ ಒಂದು ಅನಾಥಾಲಯದಲ್ಲಿ. ಅನಾಥಾಲಯ ಅಂದರೆ ಅಪ್ಪ ಅಮ್ಮ ಇಲ್ಲದ ಮಕ್ಕಳನ್ನ... ಯಾಕೆ ನಗ್ತೀರಿ? ಸರಿ ಸರಿ, ಗೊತ್ತು ನಿಮಗೆ. ನಾನೇ ಜಾಸ್ತಿ ವಿವರಿಸ್ತೀನಿ. ಅಲ್ಲಿ ಸಂಜೆ ಒಬ್ಬಳು ನರ್ಸ್ ಬರ್ತಿದ್ದಳಂತೆ. ಕೈಯಲ್ಲಿ ಜಾಮ್ ಬಾಟಲಿ, ಚಮಚ. ಮಕ್ಕಳು ಸಾಲಾಗಿ ನಿಂತು ಬಾಯಿ ತೆರೀತಿದ್ದರು. ಜಾಮ್ ಒಳಗೆ ಔಷಧಿ! ಕಾಯಿಲೆಗೆ ಔಷಧಿ ಅಲ್ಲ ಮಾವ, ಮಕ್ಕಳು ಚೆನ್ನಾಗೇ ಇದ್ದರು. ಸರ್ಕಾರದ ಡಾಕ್ಟರುಗಳು ಹೊಸದಾಗಿ ಮಾಡಿದ್ದು. ಎಷ್ಟು ಕೊಟ್ಟರೆ ಏನಾಗುತ್ತೆ ಅಂತ ನೋಡೋಕೆ. ಮೊದಲು ಸ್ವಲ್ಪ, ಏನೂ ಆಗಲಿಲ್ಲ ಅಂದರೆ ಇನ್ನೂ ಸ್ವಲ್ಪ... ಹೂಂ. ಬೇಡ ಅನ್ನೋಕೆ ಅವರ ಹಿಂದೆ ಯಾರಿದ್ದರು? ಕೆನ್ ಪಕ್ಕದ ಮಂಚದ ಹುಡುಗ ಒಂದು ಬೆಳಗ್ಗೆ ಏಳಲೇ ಇಲ್ಲ. ಮಂಚಕ್ಕೆ ಹೊಸ ಬೆಡ್‌ಶೀಟ್ ಹಾಸಿದರು, ಅಷ್ಟೇ.

ಎಷ್ಟೋ ವರ್ಷ ಆದಮೇಲೆ, ರೇಡಿಯೋದಲ್ಲಿ ಯಾರೋ ಆ ಅನಾಥಾಲಯದ ಹೆಸರು ಹೇಳಿದಾಗ, ಜಾಮಲ್ಲಿ ಏನಿತ್ತು ಅಂತ ಕೆನ್‌ಗೆ ಗೊತ್ತಾಯಿತು. ಅವತ್ತಿಂದ ಇನ್ನೊಬ್ಬರು ಮಾಡಿಕೊಟ್ಟಿದ್ದನ್ನ ಕುಡಿಯಲೇ ಇಲ್ಲ. ಹೆಂಡತಿ ಮಾಡಿದ ಟೀ ಕೂಡ! ತಾನೇ ಕಾಯಿಸಿ, ತಾನೇ ಫ್ಲಾಸ್ಕಿಗೆ ಹಾಕ್ಕೊಂಡು... ನೀವು ಬೇಲಿ ಮೇಲಿಂದ ಟೀ ಚಾಚಿದಾಗಲೆಲ್ಲ ನಕ್ಕು, ಬೇಡ ಅಂತ ಫ್ಲಾಸ್ಕ್ ತೋರಿಸ್ತಿದ್ದನಲ್ಲ? ‘ಜಂಬದ ಮುದುಕ’ ಅಂತ ಬೈತಿದ್ದಿರಿ ನೀವು. ಜಂಬ ಅಲ್ಲ ಮಾವ, ಹೆದರಿಕೆ. ಸಾಯೋ ಮುಂಚೆ ಮಗಳಿಗೆ ಹೇಳಿದನಂತೆ, ಈ ಫ್ಲಾಸ್ಕ್ ಪಕ್ಕದ ಮನೆ ದೂಮಪ್ಪನಿಗೆ ಕೊಡು, ಬೇಜಾರು ಮಾಡ್ಕೋಬೇಡ ಅಂತ ಹೇಳು ಅಂತ.

ಅವನ ಮಗಳು ಇನ್ನೊಂದು ಮಾತೂ ಹೇಳಿದಳು. ಆ ನರ್ಸ್ ಬಲವಂತ ಮಾಡ್ತಿರಲಿಲ್ಲವಂತೆ. ತಲೆ ಸವರಿ ಕೊಡ್ತಿದ್ದಳಂತೆ. ಕೆನ್‌ಗೆ ಮರೆಯೋಕಾಗದೇ ಇದ್ದಿದ್ದು ಔಷಧಿ ಅಲ್ಲ, ಆ ಕೈ.

ಆದರೆ... ಕೊಡೋವರ ಕಡೆಯಿಂದಲೂ ಸ್ವಲ್ಪ ಯೋಚನೆ ಮಾಡಿ ಮಾವ. ಎಲ್ಲರೂ ಕೆಟ್ಟವರೇ ಇರಲ್ಲ. ಕೇಳಿದರೆ ಯಾರೂ ಒಪ್ಪಲ್ಲ. ಕೆಲವು ಸಲ ಹೇಳದೇ ಮಾಡೋದೇ... ಯಾಕೆ ಹಾಗೆ ನೋಡ್ತೀರಿ?

ಲೋಟ ಯಾಕೆ ಕೆಳಗಿಟ್ಟಿರಿ? ಕಹಿ ಜಾಸ್ತಿ ಆಯಿತಾ? ನಿಮ್ಮೂರಿಂದೇ ಮಾವ, ಪಾಲೆ ಮರದ ತೊಗಟೆ. ಆಟಿ ತಿಂಗಳಲ್ಲಿ, ಅಂದರೆ ನಮ್ಮ ಆಷಾಢದಲ್ಲಿ, ಮನೆಮಂದಿಯೆಲ್ಲ ಈ ಕಷಾಯ ಕುಡೀತಾರೆ ಅಂತ ದೀಕ್ಷಿತಾ ಹೇಳಿದ್ದಳು. ಇಂಡಿಯನ್ ಅಂಗಡಿಯಲ್ಲಿ ಪುಡಿ ಸಿಕ್ಕಿತು, ಅದಕ್ಕೇ... ಏನಂದಿರಿ? ವರ್ಷಕ್ಕೆ ಒಂದೇ ದಿನವಾ? ಅಮಾವಾಸ್ಯೆ ಬೆಳಗ್ಗೆ, ಖಾಲಿ ಹೊಟ್ಟೆಗೆ? ಆಮೇಲೆ ತಂಪಿಗೆ ಮೆಂತೆ ಗಂಜಿ... ಅಯ್ಯೋ. ನನಗೆ ಗೊತ್ತಿರಲಿಲ್ಲ! ಮತ್ತೆ ದಿನಾ ಸಂಜೆ ಕೊಟ್ಟಾಗ ನೀವು ಯಾಕೆ ಹೇಳಲಿಲ್ಲ? ...ಅಳಿಯ ಕೈಯಾರೆ ಕಾಯಿಸಿದ್ದು ಅಂತಲಾ.

ನೋಡಿ ಮಾವ, ಅತ್ತೆ ಹೋದಮೇಲೆ ನಿಮಗೆ ನಿದ್ದೆಯೇ ಇರಲಿಲ್ಲ. ನಾವು ಮಲಗಿದ ಮೇಲೆ ಬಾಗಿಲು ತೆಗೆದು ಹೊರಟುಬಿಡ್ತಿದ್ದಿರಿ. ರೈಲು ಹಳಿ ಹತ್ತಿರದಿಂದ ಪೊಲೀಸಿನವರು ಕರ್ಕೊಂಡು ಬಂದ ದಿನ ದೀಕ್ಷಿತಾ ಹೇಗೆ ನಡುಗಿಹೋದಳು! ಡಾಕ್ಟರ ಹತ್ತಿರ ಹೋಗೋಣ ಅಂದರೆ ‘ನನಗೇನು ಹುಚ್ಚಾ’ ಅಂದಿರಿ. ಈಗ ಎಷ್ಟು ಚೆನ್ನಾಗಿ ಮಲಗ್ತೀರಿ. ಬೆಳಗ್ಗೆ ತಲೆ ಭಾರ ಅಂತೀರಿ, ಮೊನ್ನೆ ಬಾತ್‌ರೂಮಿನಲ್ಲಿ ಬಿದ್ದಿರಿ, ಹೌದು... ಅದಕ್ಕೂ ಕಷಾಯಕ್ಕೂ ಸಂಬಂಧ ಇಲ್ಲ. ಕಷಾಯದಲ್ಲಿ ಏನಿರುತ್ತೆ? ಏನೂ ಇರಲ್ಲ.

ಇದೇನು, ಲೋಟ ನನ್ನ ಕಡೆ ತಳ್ಳಿದಿರಿ? ನಾನು ಕುಡೀಬೇಕಾ? ಅಯ್ಯೋ, ನನಗೆ ಬೇಡ ಮಾವ... ನಿಮ್ಮ ಮೊಮ್ಮಗಳು ಆದ್ಯಾಳನ್ನ ಈಜಿನ ಕ್ಲಾಸಿಂದ ಕರ್ಕೊಂಡು ಬರಬೇಕು, ಇದನ್ನ ಕುಡಿದು ಕಾರು ಓಡಿ...

ಮಾವ. ಬೇಕಾದರೆ ಬೈಯಿರಿ. ಎಲ್ಲಿಗೆ ಎದ್ದಿರಿ? ಆ ಫ್ಲಾಸ್ಕ್ ಯಾಕೆ ತೊಳೀತಿದ್ದೀರಿ? ನೀರು ಬೇಕಾಗಿದ್ದರೆ ನಾನು ಕೊಡ್ತಿದ್ದೆನಲ್ಲ, ನೀವೇ ಯಾಕೆ ಹಿಡ್ಕೋಬೇಕು...

ಬಂದೆ ದೀಕ್ಷಿ! ಒಂದು ನಿಮಿಷ!

ಮಾವ, ಅವಳಿಗೆ ಗೊತ್ತಿಲ್ಲ. ಮೊದಲು ಅರ್ಧ ನಿದ್ದೆ ಮಾತ್ರೆಯೇ ಹಾಕಿದ್ದು. ನಿಮಗೆ ಏನೂ ಆಗಲಿಲ್ಲ ಅಂತ ನೋಡಿಕೊಂಡೇ ಆಮೇಲೆ... ಬಂದೆ ಅಂದೆನಲ್ಲ ದೀಕ್ಷಿ!... ಅದು ಏನಂದರೆ ಮಾವ, ನಾನು—