ಹಿಂದಿನ ಮೇಜಿನವನು

...ನಿಲ್ಸು, ನಿಲ್ಸು! ಅಲ್ಲೇ ನಿಲ್ಸೇ! ಹೀರೋನ ನೋಡ್ಬೇಡ ಧನು, ಅವನ ಭುಜದ ಹಿಂದೆ ನೋಡು. ಹಿಂದಿನ ಮೇಜು. ಬೋಳು ತಲೆ. ಕಾಣ್ತಾ? ಅವನೇ ಚೋ ಮಾನ್-ಗು! ಯಾರಾ? ಯಾರೂ ಅಲ್ಲ. ಅದೇ ತಮಾಷೆ!

ಇಪ್ಪತ್ತು ವರ್ಷದಿಂದ ಕೊರಿಯನ್ ಸಿನಿಮಾದಲ್ಲಿದಾನೆ ಮಹಾನುಭಾವ. ಒಂದರಲ್ಲಿ ಪೊಲೀಸು... ಹೆಣದ ಸುತ್ತ ಹಗ್ಗ ಕಟ್ಟೋನು. ಇನ್ನೊಂದರಲ್ಲಿ ಪ್ರಮೋಷನ್ನು, ಹೆಣಾನೇ ಇವನು! ಮತ್ತೊಂದರಲ್ಲಿ ಮದುವೆ ಊಟಕ್ಕೆ ಕೂತಿರ್ತಾನೆ, ಸೂಪು ಬಾಯಿಗೆ ಹೋಗೋ ಮುಂಚೆ ಕ್ಯಾಮೆರಾ ಆ ಕಡೆ ತಿರುಗ್ತದೆ. ನಗು, ನಗು. ನಾನೂ ಬಿದ್ದು ಬಿದ್ದು ನಕ್ಕಿದೀನಿ. ಒಂದೇ ಒಂದು ಸಲ ಡೈಲಾಗ್ ಸಿಕ್ತು. "ಸಾರ್, ಫೋನು." ಅಷ್ಟೇ! ಆದ್ರೂ ಅವನಿಗೇನು ಬಿಡು, ನಮ್ಮಂಗೆ ಕೆಲಸ ಹೋದ್ರೆ ವರ್ಕ್ ಪರ್ಮಿಟ್ಟೂ ಹೋಯ್ತು, ದೇಶ ಬಿಡು ಅಂತಾರಾ?

ಏನು? ಇಷ್ಟೆಲ್ಲ ಯಾವಾಗ ನೋಡ್ದೆ ಅಂತಲಾ? ಹಿಂಗೇ... ಮಧ್ಯೆ ಮಧ್ಯೆ, ಫೋನಲ್ಲಿ. ಮೀಟಿಂಗ್ ಬೋರ್ ಹೊಡೆದಾಗ. ದಿನಾ ಬಸ್ ಹತ್ತಿ ಸ್ಯಾಂಟ್ರಿಲಿರೋ ಆಫೀಸಿಗೆ ಓಡಾಡ್ತಿದ್ದಾಗ ಆಗ್ತಿತ್ತಾ? ಮನೆಯಿಂದ್ಲೇ ಕೆಲಸ ಅಂದ್ರೆ ಅದೇ ಸುಖ. ಮ್ಯಾನೇಜರ್ರೂ ಈ ದೇಶದವರ ಥರ ಎಲ್ಲದಕ್ಕೂ ಗ್ರ್ಯಾಂಡ್, ಗ್ರ್ಯಾಂಡ್ ಅಂತಾನೆ, ಅಂದ್ರೆ ಎಲ್ಲ ಸರಿಯಾಗಿದೆ ಅಂತ. ಬಿಡು, ಪ್ಲೇ ಮಾಡು, ಒಳ್ಳೆ ಜಾಗ ಬರ್ತದೆ.

ನೋಡು, ಹೆಡ್‌ಸೆಟ್ ಹಾಕ್ಕೊಂಡು ಟೈಪ್ ಮಾಡ್ತಿದಾನೆ. ಹುಬ್ಬು ಗಂಟಿಕ್ಕಿ! "ಹೂಂ, ಹೂಂ" ಅಂತ ತಲೆ ಬೇರೆ ಆಡಿಸ್ತಾನೆ. ಈಗ ಮೇಜಿನ ಕೆಳಗೆ ನೋಡು... ವೈರ್ ನೇತಾಡ್ತಿದೆ! ಕಂಪ್ಯೂಟರ್ ಆನೇ ಆಗಿಲ್ಲ! ಹ್ಹಹ್ಹ! ಸತ್ತ ಕಂಪ್ಯೂಟರ್ ಮುಂದೆ ಏನು ದುಡಿಮೆ ಬಡ್ಡಿಮಗಂದು! ಸುಮ್ನೆ ಅಲ್ಲ ಕಣೇ ಅದು. ಮಧ್ಯಾಹ್ನದ ಹೊತ್ತಿಗೆ ಕುತ್ತಿಗೆ ಹಿಡ್ಕೊಳ್ತದೆ. ಯಾರಾದ್ರೂ ಬಾಗಿಲು ತೆಗೆದ್ರೆ ತಕ್ಷಣ ಬೆರಳು ಆಡಿಸ್ಬೇಕು, ಕಪ್ಪು ಸ್ಕ್ರೀನು ಅವರಿಗೆ ಕಾಣದಂಗೆ ಕೂರ್ಬೇಕು...

ಯಾಕೆ ನಗು ನಿಲ್ಸಿದೆ?

ಧನು... ನನ್ ರೂಮಿನ ಕಡೆ ಯಾಕೆ ನೋಡ್ತಿದೀಯಾ? ಏಯ್, ನಾನು ಅವನ ವಿಷಯ ಹೇಳಿದ್ದು! ಎಲ್ಲಿಗೆ ಹೊರಟೆ? ಕೂತ್ಕೋ. ಅಲ್ಲೇನಿದೆ, ಎಲ್ಲ ಆಫೀಸ್ ಸಾಮಾನು...

ಹೂಂ. ನಮ್ದೇ. ಮೈಸೂರಿಂದ ತಂದ ಹಳೇ ಲ್ಯಾಪ್‌ಟಾಪು. ಕೆಟ್ಟು ಹೋಗಿತ್ತಲ್ಲ, ಅದೇ. ಆಫೀಸಿಂದು ದೀಪಾವಳಿ ಆದ ವಾರಾನೇ ವಾಪಸ್ ಇಸ್ಕೊಂಡ್ರು. ಹೆಡ್‌ಸೆಟ್ ನೀವೇ ಇಟ್ಕೊಳ್ಳಿ ಅಂದ್ರು.

ಹಂಗೆ ನಿಂತ್ಕೋಬೇಡ ಕಣೇ. ಇನ್ನೊಂದು ಕೆಲಸ ಸಿಕ್ಕಿದ್ಮೇಲೆ ಹೇಳೋಣ ಅಂತ... ನೀನು ಬೇರೆ, ತನ್ವಿ ಕೂಗಾಡಿದ್ರೆ "ಶ್, ಅಪ್ಪ ಮೀಟಿಂಗಲ್ಲಿದಾರೆ" ಅಂತ ಮಗು ಬಾಯಿ ಮುಚ್ಚಿಸ್ತಿದ್ದೆ. ಹೆಜ್ಜೆ ಸದ್ದಾಗದಂಗೆ ಬಂದು ಕಾಫಿ ಇಟ್ಟು ಹೋಗ್ತಿದ್ದೆ. ಅಂಥವಳಿಗೆ ಯಾವ ಬಾಯಲ್ಲಿ ಹೇಳ್ಲಿ? ಭಯ ಆಯ್ತು.

ಧನು, ಏನಾದ್ರೂ ಅನ್ನು. ಈಗ ಯಾವ ಮೀಟಿಂಗೂ ಇಲ್ಲ. ಜೋರಾಗೇ ಬೈಯಿ.