ಗಾಣಕ್ಕೆ ಸೇರಿಕೊಂಡ ಹಕಾರ

ವೇದಿಕೆಯ ಮೇಲೆ ಆಗಲೇ ಎರಡು ಸಲ ಗಡಿಯಾರ ನೋಡಿಕೊಂಡ ಅಧ್ಯಕ್ಷರಾದ ಪುಟ್ಟಸ್ವಾಮಿಯವರೇ, ಹೊಳೆನರಸೀಪುರಕ್ಕೆ ವರ್ಗವಾಗಿ ಹೊರಟಿರುವ ನಮ್ಮ ಪುರಸಭೆಯ ಮುಖ್ಯಾಧಿಕಾರಿ ಸುದರ್ಶನ್ ಸಾಹೇಬರೇ, ಅಡುಗೆ ಕಡೆಯಿಂದ ಒಗ್ಗರಣೆ ವಾಸನೆ ಬಂದರೂ ಕದಲದೆ ಕುಳಿತಿರುವ ಸಭಿಕರೇ,

ವರ್ತಕರ ಸಂಘದ ಪರವಾಗಿ ಸಾಹೇಬರ ಬಗ್ಗೆ ನಾಲ್ಕು ಒಳ್ಳೆಯ ಮಾತಾಡು ಅಂದರು. ಸಾಹೇಬರ ಆದೇಶದ ವಿರುದ್ಧ ಹೈಕೋರ್ಟಿಗೆ ಹೋದವಳು ಈ ಊರಿನಲ್ಲಿ ನಾನು, ಎಣ್ಣೆ ಅಂಗಡಿ ಆಶಾರಾಣಿ, ಒಬ್ಬಳೇ. ಅಂಥವಳ ಕೈಗೇ ಮೈಕ್ ಕೊಟ್ಟಿದ್ದೀರಿ. ಭಾರಿ ಧೈರ್ಯವಂತರಪ್ಪಾ ನೀವು!

ನನ್ನ ಅತ್ತೆ ಚಿಕ್ಕಲಕ್ಷ್ಮಮ್ಮ ಇಲ್ಲೇ ಮುಂದಿನ ಸಾಲಿನಲ್ಲಿದ್ದಾರೆ. ತವರು ದಂಡಿಗನಹಳ್ಳಿ ಕಡೆ. ಚಿಕ್ಕಂದಿನಲ್ಲಿ ಪಕ್ಕದ ಮನೆಯ ಎತ್ತಿನ ಗಾಣದ ಸದ್ದು ಕೇಳುತ್ತಲೇ ನಿದ್ದೆ ಹೋದವರು. ಕಿವಿ ಮಂದವಾಗುತ್ತಾ ಬಂದಾಗ ಅವರಿಗೆ ಒಂದೇ ಹಠ. "ಕಿವಿ ಪೂರಾ ಓಗೋದ್ರೊಳ್ಗೆ ಒಂದ್ಸಲ ಆ ಸದ್ದು ಕೇಳ್ಬೇಕು ಕಣವ್ವಾ." ಸರಿ, ವ್ಯಾಪಾರವೂ ಆದೀತೆಂದು ಶಾಲೆ ಪಕ್ಕದ ನಮ್ಮ ಅಂಗಡಿಗೆ ಅವರ ಹೆಸರಿನಲ್ಲೇ ಮರದ ಗಾಣ ತರಿಸಿದೆ. ಲೈಸೆನ್ಸ್ ಕೇಳಲು ಅವರೇ ಹೋದರು.

ಗಾಣ ಅವರ ಬಾಯಲ್ಲಿ ಗಾನವೇ. ಕೌಂಟರಿನಲ್ಲಿ ನಿಂತು, "ಗಾನ ಆಡುಸ್ತೀವಿ ಕಣಪ್ಪಾ, ಲೈಸನ್ಸು ಬೇಕು" ಅಂದರು. ಗುಮಾಸ್ತರು ಕಂಪ್ಯೂಟರಿನಲ್ಲಿ ಅರ್ಜಿ ಬಡಿದುಕೊಂಡು ಒಂದು ನಂಬರು ಕೊಟ್ಟು ಕಳಿಸಿದರು. ಕೆಲವು ವಾರದ ಮೇಲೆ ಉತ್ತರ ಬಂತು: ತಿರಸ್ಕರಿಸಲಾಗಿದೆ. ಯಾಕೆ? ಅದು ಮಾತ್ರ ಇಲ್ಲ. ನಾನು ಹೋಗಿ ಕೇಳಿದರೆ ಸಾಹೇಬರು, "ನಿಯಮ ಇಲ್ಲಮ್ಮಾ" ಅಂದರು. ಯಾವ ನಿಯಮ? "ನಿಯಮ ಅಂದ್ರೆ ನಿಯಮ." ಸಭಿಕರೇ, ಮನೆಯಲ್ಲಿ ಗಂಡ ಊಟ ಬೇಡ ಅಂದರೂ ಯಾಕೆ ಬೇಡ ಅಂತ ಹೇಳಲೇಬೇಕು. ಪುರಸಭೆ ಹೇಳಬೇಡವೇ?

ಹೈಕೋರ್ಟಿಗೆ ಹೋದೆವು. ಅಲ್ಲಿ ಲೈಸೆನ್ಸ್ ಸಿಗುತ್ತದೆ ಅಂದುಕೊಂಡಿದ್ದೆ. ಸಿಗಲಿಲ್ಲ! ವಾದವೆಲ್ಲ ಕಾರಣ ಕೊಡದ್ದರ ಮೇಲೇ ನಡೆಯಿತು, ಅಂಗಡಿ ಎಂಥದ್ದು ಅಂತ ಯಾರೂ ಕೇಳಲಿಲ್ಲ. ಕೊಡುವುದೂ ಬಿಡುವುದೂ ಪುರಸಭೆಗೇ ಸೇರಿದ್ದು, ಆದರೆ ಅರ್ಜಿ ಹಾಕಿದಾಕೆಯ ಮಾತು ಕೇಳಿ, ಕಾರಣ ಹೇಳಿ ಮತ್ತೆ ತೀರ್ಮಾನಿಸಿ ಎಂದರು ನ್ಯಾಯಾಧೀಶರು. ಅಷ್ಟರಲ್ಲಿ ವರ್ಷ ಕಳೆದಿತ್ತು.

ವಿಚಾರಣೆಯ ದಿನ ಸಾಹೇಬರು ಬಹಳ ಗಂಭೀರವಾಗಿ, "ಸ್ಕೂಲ್ ಪಕ್ಕದಲ್ಲಿ ಹಾಡಿಸ್ತೀರೇನಮ್ಮಾ?" ಎಂದು ಕೂಗಿ ಕೇಳಿದರು. ಅತ್ತೆ ಕಿವಿಗೆ ಕೈ ಹಿಡಿದು, "ಊಂ ಸಾ, ದಿನಾ ಆಡುಸ್ತೀವಿ."

"ಯಾರನ್ನ?"

"ಯಾರ್ನಾ ಅಂದ್ರೆ? ಕೊಬ್ರಿ, ಉಚ್ಚೆಳ್ಳು..."

ಸಾಹೇಬರು ಪೆನ್ನು ಕೆಳಗಿಟ್ಟರು. "ಹುಚ್ಚೆಳ್ಳು ಹಾಡ್ತದಾ?"

ಆಗ ಹೊರಬಿತ್ತು. ನಮ್ಮ ಕಡೆಯವರು ಹಕಾರ ನುಂಗುತ್ತಾರೆಂದು ಬಲ್ಲ ಗುಮಾಸ್ತರು, ಪಾಪ, ಇಲ್ಲದ ಹಕಾರವನ್ನು ತಾವೇ ಸೇರಿಸಿ ತಿದ್ದಿಬಿಟ್ಟಿದ್ದರು. ಅರ್ಜಿಯಲ್ಲಿ ಇದ್ದದ್ದು 'ಗಾನ ಹಾಡಿಸುವ ಅಂಗಡಿ'. ಶಾಲೆಯ ಪಕ್ಕ ಆರ್ಕೆಸ್ಟ್ರಾ ಬೇಡವೆಂದು ಸಾಹೇಬರು ತಿರಸ್ಕರಿಸಿದ್ದರು. ಅವರ ಜಾಗದಲ್ಲಿ ನಾನಿದ್ದರೂ ಅಷ್ಟೇ ಮಾಡುತ್ತಿದ್ದೆ! ಆ ದಿನ ಅವರು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಸಂಜೆ ಲೈಸೆನ್ಸನ್ನು ತಾವೇ ನಮ್ಮ ಮನೆಗೆ ತಂದುಕೊಟ್ಟರು. ಅದಕ್ಕೇ ಇವತ್ತು ಇಲ್ಲಿ ನಿಂತಿದ್ದೇನೆ.

ಆದರೆ ಗಾಣ ಶುರುವಾದ ದಿನ ಅತ್ತೆಗೆ ಏನೂ ಕೇಳಿಸಲಿಲ್ಲ. ಕಿವಿ ಪೂರ್ತಿ ಹೋಗಿತ್ತು. ನನಗೆ ಅಳು ಬಂತು, ಸಿಟ್ಟೂ ಬಂತು. ಸಾಹೇಬರೇ, ಆ ಸಿಟ್ಟು ಇನ್ನೂ ಸ್ವಲ್ಪ ಉಳಿದಿದೆ. ಶಾಲು, ಹಾರದ ಜೊತೆ ಅದನ್ನೂ ತೆಗೆದುಕೊಂಡು ಹೋಗಿ. ಹೊಸ ಊರಿನಲ್ಲಿ ಆಗಲ್ಲ ಅನ್ನುವ ಮೊದಲು ಎದುರಿಗಿರುವವರನ್ನು ಒಂದು ಮಾತು ಕೇಳಿ.

ಅತ್ತೆ ಮಾತ್ರ ಅಳಲಿಲ್ಲ. ಗಾಣದ ಅದುರುವ ಚೌಕಟ್ಟಿಗೆ ಅಂಗೈ ಒತ್ತಿ, ಕಣ್ಣು ಮುಚ್ಚಿ, "ಆಡ್ತಾ ಅದೆ ಕಣವ್ವಾ" ಅಂದರು. ಅದರಲ್ಲಿ ಹಕಾರ ಇತ್ತೋ ಇಲ್ಲವೋ, ನಾನು ಕೇಳಲಿಲ್ಲ.

ಇಷ್ಟು ಹೊತ್ತು ನನ್ನನ್ನು ಸಹಿಸಿಕೊಂಡ ನಿಮಗೆಲ್ಲ ಧನ್ಯವಾದ. ಚಪ್ಪಾಳೆ ತಟ್ಟುವವರು ದಯವಿಟ್ಟು ಕೈ ಮೇಲೆತ್ತಿ ತಟ್ಟಿ. ಅತ್ತೆಗೆ ಕಾಣಬೇಕು. ನಮಸ್ಕಾರ.